ನೋಡಿಸಿಕೊಳ್ಳುವ ಕೆಲಸ

ಸಂತೇಬೆನ್ನೂರಿನ ಟೈಲರ್ ಬೆನಕಪ್ಪನವರ ಅಂಗಡಿಗೆ ಅಳತೆ ಕೊಡಲು ಹೋದವರಿಗೆ ಹನ್ನೆರಡು ವರ್ಷಗಳ ಹಿಂದೆ ಒಂದು ಹೊಸ ಷರತ್ತು ಎದುರಾಯಿತು. ಟೇಪು ಮೈಮೇಲೆ ಇರುವಷ್ಟು ಹೊತ್ತು ಗಿರಾಕಿ ಕಣ್ಣು ಮುಚ್ಚಿಕೊಂಡಿರಬೇಕು. ಯಾಕೆಂದು ಯಾರೂ ಕೇಳಲಿಲ್ಲ. ಹೇಳಿದ ದಿನಕ್ಕೆ ಅಂಗಿ ಸಿಗುತ್ತದೆ ಎಂದರೆ ಜನ ಕಣ್ಣು ಮುಚ್ಚುವುದೇನು, ಉಸಿರನ್ನೂ ಹಿಡಿಯುತ್ತಾರೆ. ಬೆನಕಪ್ಪನವರು ಹೇಳಿದ ದಿನಕ್ಕೆ ಅಂಗಿ ಕೊಡುತ್ತಿದ್ದ ಟೈಲರ್. ಈ ಮನುಷ್ಯ ಎಲ್ಲರಂತಲ್ಲ ಎಂಬ ಅನುಮಾನ ಆಗಲೇ ಯಾರಿಗಾದರೂ ಬರಬೇಕಿತ್ತು.

ಷರತ್ತಿನ ನಂತರ ಅಂಗಡಿಯ ಬಾಗಿಲಿಗೆ ಪರದೆ ಬಂತು. ಪರದೆಯ ನಂತರ ಮೆಷಿನ್ನು ಗೋಡೆಯ ಕಡೆ ತಿರುಗಿತು. ಒಂದು ದಿನ ಷಟರ್ ಎಳೆದು ಮನೆಗೆ ಬಂದವರು ಮತ್ತೆ ಹೋಗಲಿಲ್ಲ. ಅಂಗಡಿಯ ಎದುರಿನ ಬಸ್‌ಸ್ಟ್ಯಾಂಡಿನಲ್ಲಿ ಇಳಿದವರೆಲ್ಲ ತಮ್ಮನ್ನೇ ನೋಡುತ್ತಾರೆ ಎಂದರು.

ಹೆಂಡತಿ ಸರ್ವಮಂಗಳಮ್ಮ ಯಾವುದನ್ನೂ ಸುಮ್ಮನೆ ನಂಬುವವರಲ್ಲ. ಒಂದು ಬೆಳಿಗ್ಗೆ ಪೂರ್ತಿ ಅಂಗಡಿಯ ಮುಂದೆ ನಿಂತು ಬಂದು ವರದಿ ಒಪ್ಪಿಸಿದರು.

“ಚನ್ನಗಿರಿ ಬಸ್ಸಿನೋರು ಎಳನೀರು ನೋಡಿದ್ರು. ದಾವಣಗೆರೆ ಬಸ್ಸಿನೋರು ವಾಚು ನೋಡ್ಕೊಂಡ್ರು. ಅಂಗಡಿ ಕಡೆ ಒಬ್ರೂ ನೋಡಿಲ್ಲ.”

“ನೀನು ನಿಂತಿದ್ದಿ ಅಂತ ನೋಡಿಲ್ಲ” ಎಂದರು ಬೆನಕಪ್ಪ.

ನೆಂಟರು ಸೇರಿ ಇವರಿಗೆ ದೃಷ್ಟಿ ಆಗಿದೆ ಎಂದು ತೀರ್ಮಾನಿಸಿದರು. ಎಲ್ಲರೂ ನನ್ನನ್ನು ನೋಡುತ್ತಿದ್ದಾರೆ ಎಂದು ರೋಗಿ ಹೇಳಿದರೆ, ಹೌದು, ಯಾರದೋ ಕಣ್ಣು ಬಿದ್ದಿದೆ ಎಂದು ಮನೆಯವರೂ ಹೇಳಿದರು. ಆ ಮನೆಯಲ್ಲಿ ಇಷ್ಟು ಒಮ್ಮತ ಅದಕ್ಕೆ ಮೊದಲು ಯಾವ ವಿಷಯಕ್ಕೂ ಬಂದಿರಲಿಲ್ಲ. ಉಪ್ಪು, ಮೆಣಸಿನಕಾಯಿ, ಪೊರಕೆ ಕಡ್ಡಿ ಎಲ್ಲ ಇಳಿ ತೆಗೆದು ಮುಗಿದ ಮೇಲೆ ಚನ್ನಗಿರಿಗೆ ಹೋಗಿ ಮನಸ್ಸಿನ ಡಾಕ್ಟರಿಗೆ ತೋರಿಸಿದರು. ಮಾತ್ರೆ ಶುರುವಾಯಿತು. ಕಾಯಿಲೆ ಹದಿನಾಲ್ಕಾಣೆ ಇಳಿಯಿತು. ಉಳಿದ ಎರಡಾಣೆ ಮಾತ್ರ ಮನೆಗೆ ನಾಲ್ಕು ಜನ ಬಂದರೆ ಸಾಕು, ಎದ್ದು ಬಂದು ಬೆನಕಪ್ಪನವರನ್ನು ಹಿಂದಿನ ಬಾಗಿಲಿನಿಂದ ಹೊರಗೆ ಕರೆದುಕೊಂಡು ಹೋಗುತ್ತಿತ್ತು. ಹಿತ್ತಿಲಲ್ಲಿ ನೀರಿನ ತೊಟ್ಟಿಯ ಪಕ್ಕ ಒಂದು ಬಟ್ಟೆ ಒಗೆಯುವ ಕಲ್ಲಿದೆ. ಬಂದವರು ಹೋಗುವವರೆಗೆ ಅವರು ಅಲ್ಲಿ ಕೂರುವರು.

ಈ ಎರಡಾಣೆಗಾಗಿಯೇ ಇದ್ದಂತಿತ್ತು ಸುಧಾ ಸಿಸ್ಟರ ರೂಮು. ಕಾನ್ವೆಂಟಿನಲ್ಲಿ ಓದಿದ ನನಗೆ ಸಿಸ್ಟರ್ ಎಂದರೆ ಈಗಲೂ ಅಂಗೈ ತಾನಾಗಿ ಮುಂದೆ ಬರುತ್ತದೆ. ಇವರು ಆ ಸಿಸ್ಟರಲ್ಲ, ನರ್ಸ್ ಸಿಸ್ಟರು, ಬಾರಿಸುವವರಲ್ಲ, ಚುಚ್ಚುವವರು. ನಿವೃತ್ತಿಯಾದ ಮೇಲೆ ಸಂತೆ ಮೈದಾನದ ಪಕ್ಕದ ಹಳೇ ಗೊಬ್ಬರದ ಗೋಡೌನು ಹಿಡಿದು, ಸುಣ್ಣ ಬಳಿಸಿ, ‘ಕೈಗೂಡು’ ಎಂದು ಹೆಸರಿಟ್ಟರು. ಕೈಗೊಂದು ಗೂಡು ಎಂದೂ ಆಯಿತು, ಕೈಗೂಡಲಿ ಎಂದೂ ಆಯಿತು. ಊರಿನವರು ಎರಡೂ ಬೇಡವೆಂದು ‘ತಲೆಕೆಟ್ಟೋರ ರೂಮು’ ಎಂದರು. ಒಂದೂವರೆ ವರ್ಷದ ನಂತರ ಅದೇ ಜನ ‘ಗೊಂಬೆ ರೂಮು’ ಎನ್ನತೊಡಗಿದರು. ಊರಿಗೂ ಔಷಧಿ ಹಿಡಿಯಲು ಸಮಯ ಬೇಕು.

ಮನಸ್ಸು ದಣಿದವರು ವಾರಕ್ಕೆ ಮೂರು ದಿನ ಅಲ್ಲಿ ಬಂದು ಕೂತು ಕೈಯಲ್ಲಿ ಏನಾದರೂ ಮಾಡುತ್ತಿದ್ದರು. ಸಿಸ್ಟರದು ಒಂದೇ ಕಾನೂನು: “ಇಲ್ಲಿ ಯಾರಿಗೂ ಹೆಂಗಿದೀರಿ ಅಂತ ಕೇಳಂಗಿಲ್ಲ. ಏನು ಮಾಡ್ತಿದೀರಿ ಅಂತ ಕೇಳ್ರಿ.”

ಬೆನಕಪ್ಪನವರು ಮೊದಲ ಎರಡು ತಿಂಗಳು ಏನೂ ಮಾಡಲಿಲ್ಲ. ಹೊಲಿಗೆ ಮೆಷಿನ್ ತೋರಿಸಿದರೆ, “ಅಂಗಿ ಹೊಲಿದ್ರೆ ಅದರ ಜೊತೆ ಮನುಷ್ಯ ಬರ್ತಾನೆ” ಎನ್ನುತ್ತಿದ್ದರು.

ಆಗ ಅವರ ಬೀದಿಯ ಭೀಮೇಶ್ ರೂಮಿಗೆ ಬಂದ. ಬೆನಕಪ್ಪನವರ ಮನೆಯ ಪಕ್ಕದ ಮೂಲೆ ಸೈಟಿನಲ್ಲಿ ಮನೆ ಕಟ್ಟಿಸುತ್ತಿದ್ದ. ಕಟ್ಟುತ್ತಿರುವ ಮನೆಯ ಮುಂದೆ ನಿಲ್ಲಿಸಲು ಒಂದು ದೃಷ್ಟಿಗೊಂಬೆ ಬೇಕಿತ್ತು.

“ಒಂದು ಹರಕು ಪ್ಯಾಂಟು, ಒಂದು ಹರಕು ಅಂಗಿ, ಮ್ಯಾಲೊಂದು ಮಡಕೆ, ಎರಡು ಕೋರೆಹಲ್ಲು. ಅರ್ಧ ದಿನದ ಕೆಲಸ ಅಲ್ಲೇನ್ರಿ?”

ಅರ್ಧ ದಿನದ ಕೆಲಸಕ್ಕೆ ಬೆನಕಪ್ಪನವರು ಒಂಬತ್ತು ದಿನ ತೆಗೆದುಕೊಂಡರು. ಹರಕು ಅಂಗಿಯನ್ನು ಅವರು ಮುಟ್ಟಲಿಲ್ಲ. ಹೊಸದು ಹೊಲಿಯಬೇಕೆಂದರೆ ಅಳತೆ ಬೇಕು. ಇದ್ದದ್ದು ತಮ್ಮ ಮೈಯೊಂದೇ. ಎದೆ ಮೂವತ್ತೆಂಟು, ಕಾಲರ್ ಹದಿನೈದೂವರೆ. ಕಾಲರಿಗೆ ಕ್ಯಾನ್ವಾಸು ಕೊಟ್ಟು, ತೋಳಿಗೆ ಪಟ್ಟಿ ಕೂರಿಸಿ, ಜೇಬಿಗೊಂದು ಪೆನ್ನು ಸಿಕ್ಕಿಸಿದರು. ಒಳಗೆ ಮೆಕ್ಕೆಜೋಳದ ಒಣ ಸಿಪ್ಪೆ ತುಂಬಿ, ಹೊಟ್ಟೆಯ ಹತ್ತಿರ ಸ್ವಲ್ಪ ಹೆಚ್ಚು ತುಂಬಿದರು. ಆ ವಿಷಯದಲ್ಲೂ ತಮ್ಮ ಅಳತೆಗೆ ಮೋಸ ಮಾಡಲಿಲ್ಲ. ಬಿಳಿ ಪಂಚೆ ಉಡಿಸಿ, ಹೆಗಲಿಗೆ ಟವೆಲು ಹಾಕಿದರು.

ಮಡಕೆಗೆ ಮುಖ ಬರೆದವರು ದುರುಗಕ್ಕ. ನ್ಯಾಮತಿ ಕಡೆಯ ಗೋವಿನಕೋವಿಯಿಂದ ಬಂದು ಮಗಳ ಮನೆಯಲ್ಲಿದ್ದರು. ಒಂದು ವರ್ಷ ಗೋಡೆ ನೋಡುತ್ತ ಮಾತಿಲ್ಲದೆ ಮಲಗಿದ್ದ ಹೆಂಗಸು. ಈಗ ಉಳಿಸಿಟ್ಟ ಮಾತನ್ನೆಲ್ಲ ಖಾಲಿ ಮಾಡುತ್ತಿದ್ದರು. ಕಣ್ಣು, ಮೀಸೆ, ಹಣೆಗೆ ಮೂರು ಗೆರೆ ವಿಭೂತಿ ಬರೆದರು. ಕೋರೆಹಲ್ಲು ಎಲ್ಲಿ ಎಂದು ಭೀಮೇಶ್ ಕೇಳಿದ.

“ನನಗೆ ಹಲ್ಲು ಬರೆಯಾಕೆ ಬರಲ್ಲಪ್ಪ. ನಮ್ಮ ಮನೇಲಿ ಯಾರೂ ಅಷ್ಟು ನಕ್ಕೋರಲ್ಲ.”

ಗೊಂಬೆಯ ಮುಖ ಕರೆಯದ ಮದುವೆಗೆ ಬಂದು ಎರಡನೇ ಪಂಕ್ತಿಗೆ ಕಾಯುತ್ತಿರುವ ನೆಂಟನ ಹಾಗಿತ್ತು.

“ಇದಕ್ಕೆ ಯಾರು ಹೆದರ್ತಾರೆ ಬೆನಕಪ್ಪಣ್ಣ?” ಎಂದ ಭೀಮೇಶ್. “ಟೀ ಕುಡೀತೀರಾ ಅಂತ ಕೇಳಂಗೈತೆ.”

ಬೆನಕಪ್ಪನವರು ಅಷ್ಟು ಉದ್ದದ ಮಾತಾಡಿದ್ದನ್ನು ಸಿಸ್ಟರು ಅಂದೇ ಮೊದಲ ಸಲ ಕೇಳಿದ್ದು.

“ಇದು ಹೆದರಿಸಾಕಲ್ಲ. ನೋಡಿಸ್ಕೊಳ್ಳಾಕೆ. ಹೋಗೋ ಬರೋರ ಕಣ್ಣೆಲ್ಲ ಇವನ ಮ್ಯಾಲೆ ಬಿದ್ರೆ ಮನೆ ಮ್ಯಾಲೆ ಬೀಳಲ್ಲ. ಅದೊಂದೇ ಇವನ ಕೆಲಸ. ಬೆಳಗಿಂದ ಸಂಜೆವರೆಗೂ ಎಲ್ಲರೂ ನೋಡ್ತಾರೆ, ಇವನು ಕೂತಿರಬೇಕು. ಭಾಳ ಕಷ್ಟದ ಕೆಲಸ. ನನಗೆ ಗೊತ್ತೈತೆ.”

ಗೊಂಬೆಯ ಟವೆಲು ಸರಿಮಾಡಿ, “ಕಂಬಕ್ಕೆ ಕಟ್ಟಬ್ಯಾಡ. ಅಂಗಿ ಸುಕ್ಕಾಗ್ತದೆ” ಎಂದರು.

ಹೀಗೆ ಗೊಂಬೆ ಭೀಮೇಶನ ಅರೆಬರೆ ಮನೆಯ ಜಗಲಿಯ ಮೇಲೆ ಪ್ಲಾಸ್ಟಿಕ್ ಕುರ್ಚಿ ಹಾಕಿಕೊಂಡು ಕೂತಿತು. ದಾರಿಯಲ್ಲಿ ಹೋಗುವವರು ಒಮ್ಮೆ ನೋಡಿ, ಮನುಷ್ಯನೋ ಎಂದು ಇನ್ನೊಮ್ಮೆ ನೋಡಿದರು. ಒಂದರ ಬದಲು ಎರಡು ನೋಟ ಬೀಳುತ್ತಿರುವುದರಿಂದ ಭೀಮೇಶನಿಗೂ ಸಮಾಧಾನವಾಯಿತು. ಗಾರೆ ಕೆಲಸದವರು ಬೆಳಿಗ್ಗೆ ಬಂದೊಡನೆ ಅದಕ್ಕೆ ನಮಸ್ಕಾರ ಹೇಳಿ ಕರಣೆ ಹಿಡಿಯುವ ಪದ್ಧತಿ ಬಿತ್ತು.

ಇಷ್ಟರಲ್ಲಿ ಬೆನಕಪ್ಪನವರ ಒಬ್ಬಳೇ ಮಗಳು ಸಂಧ್ಯಾರಾಣಿಯನ್ನು ನೋಡಲು ಜಗಳೂರು ಕಡೆಯ ಸೊಕ್ಕೆಯಿಂದ ಗಂಡಿನವರು ಬರುತ್ತಾರೆಂದು ಗೊತ್ತಾಯಿತು. ಚನ್ನಗಿರಿಯ ಲ್ಯಾಬಿನಲ್ಲಿ ರಕ್ತ ಪರೀಕ್ಷೆ ಮಾಡುವ ಹುಡುಗಿ. ಹಿಂದಿನ ವರ್ಷವೂ ಒಂದು ಕಡೆಯವರು ಬಂದಿದ್ದರು. ಆಗ ಬೆನಕಪ್ಪನವರು ಮೂರು ನಿಮಿಷ ಕೂತು, ಎದ್ದು, ಹಿಂದಿನ ಬಾಗಿಲಿನಿಂದ ಹೊರಗೆ ಹೋಗಿದ್ದರು. ಬಂದವರು ಮಂಡಕ್ಕಿ ಒಗ್ಗರಣೆ ತಿಂದು, “ತಿಳಿಸ್ತೀವಿ” ಎಂದು ಹೇಳಿ ಹೋದವರು ಇಂದಿಗೂ ತಿಳಿಸಿಲ್ಲ.

ಆದ್ದರಿಂದ ಈ ಸಲ ಸರ್ವಮಂಗಳಮ್ಮನ ಅಣ್ಣ, ಅಂದರೆ ಸಂಧ್ಯಾಳ ಹೊನ್ನಾಳಿ ಮಾವ, ಮೊದಲೇ ಬಂದು ಯೋಜನೆ ಹಾಕಿದರು.

“ಭಾವ ಅವತ್ತೊಂದಿನ ಹೊನ್ನಾಳೀಲಿ ನಮ್ಮ ಮನೇಲಿ ಇರಲಿ. ಏನೋ ಅರ್ಜೆಂಟ್ ಕೆಲಸ ಬಂತು ಅಂದ್ರಾತು.”

“ಹನ್ನೆರಡು ವರ್ಷದಿಂದ ಷಟರ್ ಎಳೆದಿರೋ ಟೈಲರಿಗೆ ಯಾವ ಅರ್ಜೆಂಟು ಮಾವ?” ಎಂದಳು ಸಂಧ್ಯಾ. “ಅಪ್ಪಾಜಿ ಇಲ್ಲ ಅಂದ್ರೆ ನಾನು ಅವತ್ತು ಡ್ಯೂಟಿಗೆ ಹೋಗ್ತೀನಿ. ಬಂದೋರು ನಿಮ್ಮನ್ನೇ ನೋಡ್ಕೊಂಡು ಹೋಗ್ಲಿ.”

“ಹಂಗಾರೆ ಕಾಯಿಲೆ ವಿಷಯನಾದ್ರೂ ಬಾಯಿ ಬಿಡಬ್ಯಾಡ್ರಿ” ಎಂದು ಮಾವ ಎಲ್ಲರ ಬಾಯಿಗೂ ಹೊಲಿಗೆ ಹಾಕಿದರು. ಟೈಲರ ಮನೆಯಲ್ಲಿ ಆ ಕೆಲಸ ಅವರು ಮಾಡಬಾರದಿತ್ತು.

ಬೆನಕಪ್ಪನವರು ಮರುದಿನ ರೂಮಿಗೆ ಹೋಗಿ, “ಸಿಸ್ಟರೇ, ಹೆಣ್ಣು ನೋಡೋ ಶಾಸ್ತ್ರ ಎಷ್ಟೊತ್ತು ಹಿಡೀತದೆ?” ಎಂದು ಕೇಳಿದರು.

“ಮುಕ್ಕಾಲು ಗಂಟೆ ಆಗ್ಬಹುದು.”

“ಮಗಳನ್ನ ನೋಡಾಕೆ ಬಂದೋರು ನನ್ನನ್ನೂ ನೋಡ್ತಾರೆ. ನೋಡ್ಲಿ. ನಾನು ಎದ್ದು ಹೋಗಬಾರದು, ಅಷ್ಟೆ. ಅದನ್ನ ಮಾಡಬೇಕು.”

ಏನು ಮಾಡುತ್ತಿದ್ದೀರಿ ಎಂದು ಮಾತ್ರ ಕೇಳುವ ಜಾಗದಲ್ಲಿ ಕೂರುವುದೂ ಒಂದು ಕೆಲಸವೆಂದು ದಾಖಲಾಯಿತು. ಕುರ್ಚಿಗಳನ್ನು ಸಾಲಾಗಿ ಹಾಕಿದರು. ಗಂಡಿನ ತಾಯಿ ಸಿಸ್ಟರು, ಗಂಡಿನ ಜಾಗದಲ್ಲಿ ಅರ್ಧ ತುಂಬಿದ ಇನ್ನೊಂದು ಗೊಂಬೆ, ಗಂಡಿನ ತಂದೆ ದುರುಗಕ್ಕ. ಪಾತ್ರ ಸಿಕ್ಕಿದ್ದೇ ದುರುಗಕ್ಕ ಅಳತೆ ಮೀರಿದರು.

“ಏನ್ರಿ ಇದು, ನಿಮ್ಮ ಕಡೆ ಮಂಡಕ್ಕಿಗೆ ಶೇಂಗಾನೇ ಹಾಕಲ್ಲೇನ್ರಿ? ಹುಡುಗಿ ತಂದೆ ಯಾಕೆ ಬೆವರ್ತಾರೆ? ಫ್ಯಾನು ಇಲ್ಲೇನ್ರಿ ಮನೇಲಿ?”

“ದುರುಗಕ್ಕ, ಸ್ವಲ್ಪ ಕಮ್ಮಿ ಮಾಡ್ರಿ” ಎಂದರು ಸಿಸ್ಟರು.

“ನಮ್ಮ ಬೀಗರು ಇನ್ನೂ ಜಾಸ್ತಿ ಇದ್ರು ಸಿಸ್ಟರೇ. ನಾನು ಕಮ್ಮಿನೇ ಮಾಡ್ತಿದೀನಿ.”

ಮೊದಲ ದಿನ ಬೆನಕಪ್ಪನವರು ಎರಡು ನಿಮಿಷ ಕೂತರು. ನಾಲ್ಕನೇ ವಾರಕ್ಕೆ ಹನ್ನೊಂದು ನಿಮಿಷಕ್ಕೆ ಬಂದು ನಿಂತರು. ಹನ್ನೊಂದು ನಿಮಿಷದಲ್ಲಿ ನಮ್ಮ ಕಡೆ ಮಾತು ಮಳೆಯ ವಿಷಯ ಬಿಟ್ಟು ಮದುವೆಯ ವಿಷಯಕ್ಕೆ ಬರುವುದಿಲ್ಲ.

ಆ ಭಾನುವಾರ ಬಂತು. ಹೊನ್ನಾಳಿ ಮಾವ ಬೆಳಿಗ್ಗೆಯಿಂದ ಫೋನಿನಲ್ಲೇ ಇದ್ದರು. ಗಂಡಿನ ತಂದೆ ಗುರುಬಸವರಾಜ್ ಸೊಕ್ಕೆಯ ನಿವೃತ್ತ ಮೇಷ್ಟ್ರು. ಅವರಿಗೆ ದಾರಿಯನ್ನೂ ಹೇಳಿದರು, ಮುಂಜಾಗ್ರತೆಯನ್ನೂ ಹೇಳಿದರು.

“ಮೂಲೇಲಿ ಹೊಸ ಮನೆ ಕಟ್ತಿದಾರೆ ನೋಡ್ರಿ, ಅದರ ಹತ್ರನೇ. ಇನ್ನೊಂದು ಮಾತು ಮೇಷ್ಟ್ರೇ, ನಮ್ಮ ಭಾವ ಭಾಳ ಸಂಕೋಚದ ಮನುಷ್ಯ. ಮಾತೇ ಆಡಲ್ಲ ಅಂದ್ರೂ ನಡೀತದೆ. ತಪ್ಪು ತಿಳ್ಕೊಬ್ಯಾಡ್ರಿ.”

ಮೇಷ್ಟ್ರು ತಪ್ಪು ತಿಳಿದುಕೊಳ್ಳುವ ಜಾತಿಯವರಲ್ಲ. ಮೂಲೆಯಲ್ಲಿ ಕಾರಿನಿಂದ ಅವರೊಬ್ಬರೇ ಮೊದಲು ಇಳಿದರು. ಹೆಂಡತಿ ಮತ್ತು ಮಗ ಪ್ರದೀಪ್ ಕಾರನ್ನು ತಿರುಗಿಸಿ ನೆರಳಿಗೆ ನಿಲ್ಲಿಸಲು ಮುಂದೆ ಹೋದರು. ಜಗಳೂರಿನಿಂದ ಕಿಟಕಿ ತೆರೆದು ಕೂತು ಬಂದಿದ್ದ ಮೇಷ್ಟ್ರ ಕನ್ನಡಕದ ಮೇಲೆ ಎರಡು ತಾಲ್ಲೂಕಿನ ಧೂಳಿತ್ತು. ಎದುರಿಗೆ ಹೊಸ ಮನೆ. ಜಗಲಿಯ ಮೇಲೆ ಬಿಳಿ ಅಂಗಿ, ಪಂಚೆ, ವಿಭೂತಿ, ಹೆಗಲ ಮೇಲೆ ಟವೆಲು, ಮುಖದಲ್ಲಿ ಧಾರಾಳ ಸಂಕೋಚ.

“ಶರಣ್ರೀ. ನಾನು ಸೊಕ್ಕೆ ಗುರುಬಸವರಾಜ್.”

ಉತ್ತರ ಬರಲಿಲ್ಲ. ಬರುವುದಿಲ್ಲ ಎಂದು ಮೊದಲೇ ತಿಳಿಸಲಾಗಿತ್ತು. ಮೇಷ್ಟ್ರು ಪಕ್ಕದ ಇಟ್ಟಿಗೆ ಸಾಲಿನ ಮೇಲೆ ಕೂತರು.

“ಬಿಸಿಲು ಜೋರೈತೆ ಈ ಸಲ. ನಿಮಗೆ ಭದ್ರಾ ನೀರು ಬರ್ತದೆ, ಗೊತ್ತಾಗಲ್ಲ. ನಮ್ಮ ಕಡೆ ಮೋಡ ನೋಡೇ ಶೇಂಗಾ ಹಾಕಬೇಕು.”

ಗೊಂಬೆ ಒಪ್ಪಿಕೊಂಡಂತೆ ಕೂತಿತ್ತು.

“ನಮ್ಮ ಹುಡುಗಂದೂ ಮಾತು ಕಮ್ಮಿನೇ. ಕರೆಂಟ್ ಆಫೀಸಿನೋನು ನೋಡ್ರಿ, ಮುಟ್ಟಿದ್ರೆ ಮಾತ್ರ ಉತ್ತರ.” ಅವರೇ ಮುಂದುವರಿದರು. “ಮೂವತ್ತನಾಲ್ಕು ವರ್ಷ ಪಾಠ ಮಾಡೀನಿ. ನನ್ನ ಮಾತನ್ನ ಇಷ್ಟು ಗಮನ ಕೊಟ್ಟು ಕೇಳಿದೋರು ನೀವೇ ಮೊದಲು. ನನಗೆ ಭಾಳ ಸಂತೋಷ ಆತು.”

ಜೇಬಿನಿಂದ ಎಲೆ ಅಡಿಕೆ ಚೀಲ ತೆಗೆದು ಒಂದು ಎಲೆ ಮಡಿಸಿ ಮುಂದೆ ಹಿಡಿದರು. ಬೀಗರಾಗುವವರು ತೆಗೆದುಕೊಳ್ಳದಿದ್ದಾಗ ಒತ್ತಾಯದಿಂದ ಕೈಯೊಳಗೇ ಇಟ್ಟರು. ಕೈ ಅಲುಗಿದ್ದಕ್ಕೆ ಕತ್ತು ವಾಲಿತು, ಕತ್ತು ವಾಲಿದ್ದಕ್ಕೆ ಮಡಕೆ ಹೊರಳಿ ಅವರ ಮಡಿಲಿಗೆ ಬಂತು.

ಬೀದಿಯ ಆಚೆ ಕುಡಿಯುವ ನೀರಿನ ಘಟಕದ ಮುಂದೆ ಕ್ಯಾನು ಹಿಡಿದು ಇಪ್ಪತ್ತು ಜನ ಸಾಲಿನಲ್ಲಿದ್ದರು. ಅವರೆಲ್ಲ ಇಷ್ಟು ಹೊತ್ತು ಸಭ್ಯತೆಯಿಂದ ಸುಮ್ಮನಿದ್ದರು. ತಾರಸಿಯ ಮೇಲೆ ಗೋಡೆಗೆ ನೀರು ಹೊಡೆಯುತ್ತಿದ್ದ ಕೂಲಿಯವನು ಬಗ್ಗಿ ನೋಡಿ, “ಯಜಮಾನ್ರೇ, ತಲೆ ಹಂಗೇ ಇಟ್ಟು ಬಿಡ್ರಿ, ನಾವು ಜೋಡಿಸ್ತೀವಿ” ಎಂದ. ಅಲ್ಲಿಗೆ ಸಾಲು ಒಡೆಯಿತು. ಕ್ಯಾನುಗಳೂ ನಕ್ಕಂತೆ ಸದ್ದು ಮಾಡಿದವು.

ಹೊನ್ನಾಳಿ ಮಾವ ಓಡಿ ಬಂದರು. ಮೇಷ್ಟ್ರು ಮಡಕೆ ಹಿಡಿದುಕೊಂಡೇ ಕೇಳಿದರು.

“ನಮ್ಮನ್ನ ಆಟ ಆಡಿಸಾಕೆ ಇಟ್ಟೀರೇನು ಇದನ್ನ?”

“ಛೇ ಛೇ, ಇಲ್ಲ ಮೇಷ್ಟ್ರೇ. ಅದು ನಮ್ಮ ಭಾವನೇ ಮಾಡಿದ್ದು. ಅವರ ಅಳತೇಗೇ ಮಾಡಿದ್ದು” ಎಂದು ಮಾವ ವಿಷಯವನ್ನು ಪೂರ್ತಿ ಕೆಡಿಸಿದರು.

ಕಾರು ನಿಲ್ಲಿಸಿ ಬಂದ ಮೇಷ್ಟ್ರ ಹೆಂಡತಿ ಏನಾಯಿತೆಂದು ಕೇಳಿದರು. ನೀರಿನ ಸಾಲಿನವರು ವಿವರವಾಗಿ ಹೇಳಿದರು. ಪ್ರದೀಪ್ ಕೆಮ್ಮಿದ, ಅದು ಕೆಮ್ಮಲ್ಲವೆಂದು ಅಪ್ಪನಿಗೆ ಗೊತ್ತಾಯಿತು.

“ಗಾಡಿ ತಗೊಂಡು ಬಾ” ಎಂದರು ಮೇಷ್ಟ್ರು. “ವಾಪಸ್ ಹೋಗಾಣ.”

ಈ ಹೊತ್ತಿಗೆ ಬೆನಕಪ್ಪನವರು ಹಿಂದಿನ ಬಾಗಿಲಿನ ಚಿಲಕದ ಮೇಲೆ ಕೈಯಿಟ್ಟು ನಿಂತಿದ್ದರು. ಗಂಡಿನವರು ಬರುವ ಮೊದಲೇ ಅಭ್ಯಾಸಕ್ಕೆಂದು ಹಜಾರದ ಕುರ್ಚಿಯಲ್ಲಿ ಒಂಟಿಯಾಗಿ ಕೂತಿದ್ದವರು, ಬೀದಿಯಲ್ಲಿ ನಗು ಕೇಳಿದೊಡನೆ ಅದು ತಮಗೇ ಎಂದು ಎದ್ದು ಬಂದಿದ್ದರು. ಚಿಲಕ ತೆಗೆಯುವ ಮೊದಲು ಭೀಮೇಶನ ಮನೆಯ ಕಡೆಗಿದ್ದ ಪಕ್ಕದ ಕಿಟಕಿಯಿಂದ ಒಮ್ಮೆ ಹೊರಗೆ ನೋಡಿದರು. ಅಲ್ಲಿ ಮಡಕೆ ಹಿಡಿದ ಒಬ್ಬ ಎತ್ತರದ ಮನುಷ್ಯ ಎಡಕ್ಕೆ ನೋಡಿದ, ಬಲಕ್ಕೆ ನೋಡಿದ, ಆಕಾಶ ನೋಡಿದ, ಕೊನೆಗೆ ತನ್ನ ಚಪ್ಪಲಿ ನೋಡಿಕೊಂಡ. ಬೆನಕಪ್ಪನವರಿಗೆ ಈ ಕ್ರಮ ಬಾಯಿಪಾಠ. ಹನ್ನೆರಡು ವರ್ಷದಿಂದ ಅವರೂ ಇದೇ ಕ್ರಮದಲ್ಲಿ ನೋಡುತ್ತಿದ್ದರು. ಚಪ್ಪಲಿಯ ನಂತರ ಬರುವುದು ಹಿಂದಿನ ಬಾಗಿಲು. ಆ ಮನುಷ್ಯನಿಗೆ ಈ ಊರಿನಲ್ಲಿ ಅದು ಇರಲಿಲ್ಲ.

ಅವರು ಚಿಲಕ ಬಿಟ್ಟು, ಹಜಾರ ದಾಟಿ, ಮುಂದಿನ ಬಾಗಿಲಿನಿಂದ ಬೀದಿಗೆ ಇಳಿದರು. ಸರ್ವಮಂಗಳಮ್ಮ ಸೌಟು ಹಿಡಿದು ಹೊಸಿಲಿನಲ್ಲೇ ನಿಂತರು. ನೀರಿನ ಸಾಲು, ತಾರಸಿ, ಮಾವ, ಗಂಡಿನವರು, ಎಲ್ಲರೂ ಬೆನಕಪ್ಪನವರತ್ತ ತಿರುಗಿದರು. ಈ ಸಲ ಕಾಯಿಲೆಯ ತಪ್ಪೇನೂ ಇರಲಿಲ್ಲ. ಜನ ನಿಜವಾಗಿಯೇ ನೋಡುತ್ತಿದ್ದರು. ಅಂಗಿ ಬೆನ್ನಿಗೆ ಅಂಟಿತು. ನಡೆದರು. ಮೇಷ್ಟ್ರ ಕೈಯಿಂದ ಮಡಕೆ ತೆಗೆದು ಗೊಂಬೆಯ ಕತ್ತಿನ ಮೇಲೆ ಕೂರಿಸಿ, ಕಾಲರ್ ಸರಿಮಾಡಿದರು.

“ನೋಡೋರು ಇವನನ್ನ ನೋಡ್ಕೊಳ್ಳಲಿ. ಹಿಂದ್ಲ ಬಾಗ್ಲು ಈ ಕಡೆ ಐತೆ, ಬರ್ರಿ.”

ಮೇಷ್ಟ್ರು ಮರುಮಾತಿಲ್ಲದೆ ಹಿಂದೆ ಹೋದರು.

ತೊಟ್ಟಿಯ ಪಕ್ಕದ ಕಲ್ಲಿನ ಮೇಲೆ ಇಬ್ಬರೂ ಕೂತರು. ಮೇಷ್ಟ್ರಿಗೆ ಈ ಸಲ ತಾವಾಗಿ ಮಾತು ಶುರುಮಾಡುವ ಧೈರ್ಯ ಇರಲಿಲ್ಲ.

“ನನಗೆ ದಿನಾ ಹಿಂಗೇ ಆಗ್ತದೆ” ಎಂದರು ಬೆನಕಪ್ಪ. “ಎಲ್ಲರೂ ನೋಡ್ತಾರೆ ಅನ್ನಿಸ್ತದೆ. ಕಾಯಿಲೆ ಅದು. ಗಿರಾಕಿಗಳಿಗೆ ಕಣ್ಣು ಮುಚ್ಚಿಸಿ ಅಳತೆ ತಗೋತಿದ್ದೆ. ಆಮೇಲೆ ಅಂಗಡೀನೇ ಮುಚ್ಚಿದೆ. ಮಾತ್ರೆ ತಗೋತೀನಿ.”

“ಹೊನ್ನಾಳಿಯೋರು ಫೋನಿನಲ್ಲಿ ಸಂಕೋಚ ಅಂದ್ರು.”

“ಅದೂ ಐತೆ.”

ಮೇಷ್ಟ್ರು ಕನ್ನಡಕ ತೆಗೆದು ಪಂಚೆಯ ಅಂಚಿನಿಂದ ಒರೆಸಿದರು. “ಮಾತ್ರೆ ಊಟಕ್ಕೆ ಮೊದಲೋ, ಆದಮ್ಯಾಲೋ?”

“ಆದಮ್ಯಾಲೆ.”

“ನಂದು ಸಕ್ಕರೆ ಕಾಯಿಲೆ. ಮೊದಲು.” ಕನ್ನಡಕ ಹಾಕಿಕೊಂಡು ಬೆನಕಪ್ಪನವರನ್ನು ಸರಿಯಾಗಿ ನೋಡಿದರು. “ಇಲ್ಲಿ ಎಷ್ಟೊತ್ತು ಕೂರ್ತೀರಿ ನೀವು?”

“ಬಂದೋರು ಹೋಗಾವರೆಗೂ.”

“ಬಂದೋರು ನಾವೇ ಅಲ್ಲೇನ್ರಿ?”

ಬೆನಕಪ್ಪನವರು ಯೋಚಿಸಿದರು. ಇದು ಅಭ್ಯಾಸದಲ್ಲಿ ಬಂದಿರಲಿಲ್ಲ. “ಹಂಗಾರೆ ಒಳಗೆ ಹೋಗಬೇಕಾಗ್ತದೆ” ಎಂದರು.

ಹಿಂದಿನ ಬಾಗಿಲಿನಿಂದ ಇಬ್ಬರೂ ಹಜಾರಕ್ಕೆ ಬಂದಾಗ ಅಲ್ಲಿ ಹೊನ್ನಾಳಿ ಮಾವ ಪ್ರದೀಪನನ್ನೂ ಅವನ ತಾಯಿಯನ್ನೂ ಕೂರಿಸಿಕೊಂಡು ಮೂರನೇ ಸಲ ಕ್ಷಮೆ ಕೇಳುತ್ತಿದ್ದರು. ಬೆನಕಪ್ಪನವರು ತಮ್ಮ ಕುರ್ಚಿಯಲ್ಲಿ ಕೂತರು. ಮಂಡಕ್ಕಿ ಬಂತು, ಶೇಂಗಾ ಧಾರಾಳವಾಗಿತ್ತು. ಮಳೆಯ ಮಾತಾಯಿತು, ಶೇಂಗಾದ ಮಾತಾಯಿತು. ಹನ್ನೊಂದು ನಿಮಿಷ ದಾಟಿತು. ಸಂಧ್ಯಾರಾಣಿ ಟೀ ತಟ್ಟೆ ಹಿಡಿದು ಬಂದವಳು ಗಂಡನ್ನು ನೋಡಬೇಕಿತ್ತು; ಕುರ್ಚಿಯಲ್ಲಿ ಇನ್ನೂ ಕೂತಿದ್ದ ಅಪ್ಪನನ್ನು ನೋಡುತ್ತ ಅಲ್ಲೇ ನಿಂತುಬಿಟ್ಟಳು. ಪ್ರದೀಪ್ ತಾನೇ ಎದ್ದು ಲೋಟಗಳನ್ನು ಎಲ್ಲರಿಗೂ ಕೊಟ್ಟ.

ಟೀ ಮುಗಿಸಿ ಮೇಷ್ಟ್ರು ಗಂಟಲು ಸರಿಮಾಡಿಕೊಂಡರು.

“ಬೆನಕಪ್ಪಾರೇ, ಆ ಗೊಂಬೆ ಕಾಲರ್ ನೋಡ್ದೆ ನಾನು. ನನ್ನ ಕತ್ತಿಗೆ ಹಂಗೆ ಕೂತಿರೋ ಕಾಲರ್ ಇದುವರೆಗೂ ಸಿಕ್ಕಿಲ್ಲ. ಮಗನ ಮದುವೆಗೆ ಒಂದು ಅಂಗಿ ಹೊಲ್ಕೊಡ್ತೀರೇನು?”

“ಅಂದ್ರೆ ಮದುವೆ...” ಎಂದರು ಹೊನ್ನಾಳಿ ಮಾವ.

“ಅದನ್ನ ಹುಡುಗರು ಮಾತಾಡ್ಕೊಳ್ಳಲಿ. ನಾನು ಕೇಳಿದ್ದು ಅಂಗಿ.”

ಸರ್ವಮಂಗಳಮ್ಮ ಒಳಗೆ ಹೋಗಿ ಟ್ರಂಕು ತೆಗೆದ ಸದ್ದಾಯಿತು. ಹಳೇ ಟೇಪು ತಂದು ಗಂಡನ ಕೈಗೆ ಕೊಟ್ಟರು. ಬೆನಕಪ್ಪನವರು ಎದ್ದರು. ಮಾವ ಹಿಂದಿನ ಬಾಗಿಲಿಗೆ ಅಡ್ಡವಾಗಿ ಸರಿದು ನಿಂತರು. ಅದರ ಅಗತ್ಯ ಬೀಳಲಿಲ್ಲ. ಬೆನಕಪ್ಪನವರು ನೇರವಾಗಿ ಮೇಷ್ಟ್ರ ಮುಂದೆ ಬಂದು ಟೇಪನ್ನು ಅವರ ಕತ್ತಿನ ಸುತ್ತ ತಂದರು.

ಕಲ್ಲಿನ ಮೇಲೆ ಕೇಳಿದ್ದು ನೆನಪಿದ್ದ ಮೇಷ್ಟ್ರು ಎರಡೂ ಕಣ್ಣು ಬಿಗಿಯಾಗಿ ಮುಚ್ಚಿಕೊಂಡರು.

“ಕಣ್ಣು ಬಿಡ್ರಿ ಮೇಷ್ಟ್ರೇ” ಎಂದರು ಬೆನಕಪ್ಪ. “ಕಣ್ಣು ಮುಚ್ಚಿದ್ರೆ ಕತ್ತು ಬಗ್ತದೆ. ಆಗ ಅಂಗಡೀಲಿ ಒಂದು ಕಾಲರೂ ಸರಿ ಬರ್ತಿರಲಿಲ್ಲ. ಯಾರೂ ಹೇಳಿಲ್ಲ ಅಷ್ಟೆ.”

ಮೇಷ್ಟ್ರು ಕಣ್ಣು ಬಿಟ್ಟರು. ಇಬ್ಬರ ಮುಖದ ನಡುವೆ ಒಂದು ಗೇಣೂ ಇರಲಿಲ್ಲ.

“ಹದಿನಾರೂಕಾಲು. ಬರ್ಕೊ” ಎಂದರು ಬೆನಕಪ್ಪನವರು. ಸಂಧ್ಯಾರಾಣಿ ತಟ್ಟೆ ಕೆಳಗಿಟ್ಟು, ಪ್ರದೀಪನ ಜೇಬಿನಲ್ಲಿದ್ದ ಪೆನ್ನು ಕೇಳಿ ಇಸಿದುಕೊಂಡು ಬರೆದುಕೊಂಡಳು.